ಚುಕ್ಕಿ ಕೊಡದ Ö

ಅಚ್ಚುಕೂಟದಲ್ಲಿ ಸೀಸದ ಅಚ್ಚುಮೊಳೆ ಜೋಡಿಸುವ ಗುರುಬಸಪ್ಪನಿಗೆ ಇಂಗ್ಲಿಷ್ ಕರಪತ್ರವೊಂದರ ನಡುವೆ O ಅಕ್ಷರ ಸಾಲದೆ ಹೋಯಿತು. ಹಿಂದೆಂದೋ ಜರ್ಮನಿಯ ಮೊಳೆಗಳ ಜೊತೆ ಬಂದು ಮೂಲೆಯ ಖಾನೆಯಲ್ಲಿ ಒಂಟಿಯಾಗಿ ಉಳಿದಿದ್ದ Ö ಅವನ ಕಣ್ಣಿಗೆ ಬಿತ್ತು. ತಲೆಯ ಮೇಲಿನ ಎರಡು ಚುಕ್ಕಿ ಉಜ್ಜಿಬಿಟ್ಟರೆ ಇದೂ O ತಾನೇ ಎಂದುಕೊಂಡು ಅದನ್ನು ಹಿಡಿದು ಅರ ಎತ್ತಿಕೊಂಡ.

"ಅದೃಷ್ಟವಂತ ಕಣಯ್ಯಾ ನೀನು," ಎಂದಿತು ಸಾಲಿನಲ್ಲಿ ನಿಂತಿದ್ದ O. "ಚುಕ್ಕಿ ಹೋದರೆ ದಿನಾ ಕೆಲಸ, ನಮ್ಮ ಜೊತೆ ವಾಸ. ಈಗ ನಿನ್ನನ್ನು ಯಾರು ಕೇಳ್ತಾರೆ?"

"ಜರ್ಮನಿಯವರು ಕೇಳ್ತಾರೆ, ತುರ್ಕಿಯವರು ಕೇಳ್ತಾರೆ. ಸ್ವೀಡನ್ನಿನಲ್ಲಿ ನಾನೊಬ್ಬನೇ ನಿಂತರೂ ದ್ವೀಪ ಅಂತ ಅರ್ಥ. ಇಲ್ಲಿ ಯಾರಿಗೂ ಬೇಡವಾದರೆ ಬೇಡ, ಚುಕ್ಕಿ ಮಾತ್ರ ಕೊಡಲಾರೆ."

ಅರ ತಾಗುವ ಮೊದಲೇ Ö ಬೆರಳ ಸಂದಿಯಿಂದ ಚಿಮ್ಮಿ ಕಲ್ಲುನೆಲಕ್ಕೆ ಬಿತ್ತು. ದುಂಡು ಮೈ ಜಜ್ಜಿಹೋಯಿತು, ಚುಕ್ಕಿಗಳು ಹಾಗೇ ಇದ್ದವು.

"ಥೂ, ಹಾಳಾಯ್ತು!" ಎಂದು ಗುರುಬಸಪ್ಪ ಅದನ್ನು ಕರಗಿಸುವ ಸೀಸದ ಡಬ್ಬಿಗೆ ಎಸೆದ.

"ಕಂಡೆಯಾ ನಿನ್ನ ಗತಿ?" O ನಕ್ಕಿತು. "ಇನ್ನು ಕರಗಿ ಹೋಗ್ತೀಯ."

"ಹೋಗ್ತೀನಿ," ಎಂದಿತು ಡಬ್ಬಿಯೊಳಗಿನ Ö. "ಸೀಸವಾಗಿ ಬಂದಿದ್ದೆ, ಸೀಸವಾಗಿ ಹೋಗ್ತೀನಿ. ನಿನ್ನ ಹಾಗೆ O ಅಂತೂ ಆಗಲಿಲ್ಲ."