ನಾಬ್ಲಜ್ಜಿಯ ಮಗನನ್ನು ದಂಡೆಗೆ ತಂದ ಕತೆಗಾರ

ಬಲು ಹಿಂದೆ, ಐರ್ಲೆಂಡಿನ ಪಡುವಣ ಕಡಲಲ್ಲಿ ಒಂದು ನಡುಗಡ್ಡೆ, ಆ ನಡುಗಡ್ಡೆಯಲ್ಲೊಂದು ಊರು. ಮರವಿಲ್ಲ, ಮಣ್ಣು ಕಡಿಮೆ. ಕಲ್ಲು, ಗಾಳಿ ಬೇಕಾದಷ್ಟು. ಆ ಊರಲ್ಲಿ ಕೋಲ್ಮನ್ ಅಂತ ಒಬ್ಬ ಕಾದಂಬರಿಕಾರನಿದ್ದನಂತೆ. ಊರವರ ಐರಿಷ್ ಮಾತಿನಲ್ಲೇ ಬರೆಯುತ್ತಿದ್ದನಂತೆ. ಆ ಮಾತು ಎಲ್ಲರಿಗೂ ಬರುತ್ತಿತ್ತು, ಓದಲು ಮಾತ್ರ ಯಾರಿಗೂ ಬರುತ್ತಿರಲಿಲ್ಲ. ಶಾಲೆಯಲ್ಲಿ ಆ ಮಾತಾಡಿದರೆ ಬೆತ್ತ, ಇಂಗ್ಲಿಷ್ ಒಪ್ಪಿಸಿದರೆ ಶಹಬ್ಬಾಸ್. ಹಾಗಾಗಿ ಬರೆದವನೇ ಓದಿ ಹೇಳಬೇಕು. ಭಾನುವಾರ ಚರ್ಚಿನ ಪೂಜೆ ಮುಗಿದ ಮೇಲೆ ಊರೆಲ್ಲ ಅವನ ಒಲೆಯ ಸುತ್ತ ಕೂರುತ್ತಿತ್ತಂತೆ.

ಅವನು ಓದಲು ಕೂತರೆ ನಾಯಿ ಬೊಗಳುವುದು ಬಿಡುತ್ತಿತ್ತಂತೆ. ಪುಟ ಮಗುಚುವವರೆಗೆ ಅಲೆಯೂ ತಡೆದು ನಿಲ್ಲುತ್ತಿತ್ತು ಅನ್ನುವವರಿದ್ದಾರೆ. ಅವರು ಸ್ವಲ್ಪ ಕುಡಿದಿರುತ್ತಾರೆ. ಕಮ್ಮಾರ ಮಾತ್ರ, "ನನ್ನ ಮೂಗು ಎತ್ಕೊಂಡು ಹೋಗಿ ಕತೆಗೆ ಹಾಕಿದ್ದೀಯಲ್ಲೋ, ಇನ್ನು ನಾನು ಸೀನೋದು ಹೇಗೆ?" ಅಂತ ರೇಗಿಸುತ್ತಿದ್ದನಂತೆ.

ಅದೇ ಊರಲ್ಲಿ ನಾಬ್ಲಜ್ಜಿ ಅಂತ ಒಬ್ಬಳು. ಅವಳ ಒಬ್ಬನೇ ಮಗ ಫೆಸ್ಟಿ, ಮೀನಿಗೆ ಹೋದವನು ಬರಲಿಲ್ಲ. ದೋಣಿ ಸಿಕ್ಕಿತು, ಅವನು ಸಿಗಲಿಲ್ಲ. ಹೆಣ ಕಾಣದೆ ಯಾರನ್ನೂ ಸತ್ತ ಅನ್ನಬಾರದು, ಅದು ಆ ಊರ ಕಟ್ಟಳೆ. ಏಳು ವರ್ಷ ಅವಳು ಬಾಗಿಲಿಗೆ ಚಿಲಕ ಹಾಕಲಿಲ್ಲವಂತೆ.

ಕೋಲ್ಮನ್ ತನ್ನ ಹೊಸ ಕಾದಂಬರಿಯಲ್ಲಿ ಒಬ್ಬ ಮೀನುಗಾರನನ್ನು ಮುಳುಗಿಸಿದ. ಹೆಸರು ಬೇರೆ ಇಟ್ಟ. ಆದರೆ ಹಸುವನ್ನು ಕರೆಯುವ ರೀತಿ, ಟೋಪಿ ವಾರೆ ಮಾಡುವ ರೀತಿ ಫೆಸ್ಟಿಯದೇ. ಕತೆಗೊಂದು ಮುಕ್ತಾಯ ಬೇಕಲ್ಲ, ಹೆಣವನ್ನು ಬಡಗಣ ಮರಳದಂಡೆಗೆ ತಂದು, ಕಡಲಪಾಚಿಯ ರಾಶಿಯ ಅಡಿಯಲ್ಲಿ ಮಲಗಿಸಿದ. ಇಷ್ಟು ಚೆನ್ನಾಗಿ ಅವನು ಎಂದೂ ಬರೆದಿರಲಿಲ್ಲವಂತೆ. ಆ ಹೆಮ್ಮೆಯಲ್ಲಿ, ಎದುರಿಗೆ ಯಾರು ಕೂತಿದ್ದಾರೆಂದು ನೋಡದೆ ಓದಿಬಿಟ್ಟ. ಓದುತ್ತ ಓದುತ್ತ ತಾನೇ ಅತ್ತುಬಿಟ್ಟನಂತೆ.

ಓದು ಮುಗಿದಾಗ ನಾಬ್ಲಜ್ಜಿ ಎದ್ದು ಶಾಲು ಹೊದ್ದಳು.

"ಬಡಗಣ ದಂಡೆ ಅಂತ ಮೊದಲೇ ಹೇಳಬಾರದಿತ್ತೇನೋ ಮಗಾ? ನಾನು ತೆಂಕಣ ದಿಕ್ಕೇ ನೋಡ್ತಾ ಕೂತಿದ್ದೆ."

ಮರುದಿನದಿಂದ ಅವಳು ಒಂದು ಕೋಲು, ಒಂದು ಬಿಳಿ ದುಪ್ಪಟಿ ಹಿಡಿದು ದಂಡೆಗೆ ಹೋಗಿ ಪಾಚಿಯ ರಾಶಿ ಮಗುಚತೊಡಗಿದಳು. ಕೋಲ್ಮನ್ ಓಡಿಹೋಗಿ ಹಸಿ ಮರಳಲ್ಲಿ ಮಂಡಿಯೂರಿದನಂತೆ.

"ಅಜ್ಜಿ, ಅದು ಸುಳ್ಳು. ನಾನು ಕಟ್ಟಿದ್ದು."

"ಸುಳ್ಳಿಗೆ ಯಾರಾದ್ರೂ ಅಳ್ತಾರೇನೋ? ನಿನ್ನೆ ನೀನೇ ಅತ್ತುಬಿಟ್ಟೆಯಲ್ಲ! ಸುಮ್ನೆ ಆ ಕಡೆಯಿಂದ ಮಗುಚು."

ಅವನು ಮಗುಚಿದ. ಆ ಚಳಿಗಾಲವೆಲ್ಲ ಮಗುಚಿದ. ಹೆಣ ಅಲ್ಲಿಗೆ ಬರಲೇ ಇಲ್ಲವೆಂದು ಬಲ್ಲವನು ಊರಲ್ಲಿ ಅವನೊಬ್ಬನೇ. ಉಳಿದವರೆಲ್ಲ ಅವನ ಓದು ಕೇಳಿದ್ದರು. ಅವನ ಶಾಯಿ ಒಣಗಿತು. ಪಟ್ಟಣದ ಪ್ರಕಾಶಕರು ಕಾಗದದ ಮೇಲೆ ಕಾಗದ ಬರೆದರೂ ಅವನು ಕೊನೆಯ ಅಧ್ಯಾಯ ಕೊಡಲಿಲ್ಲ. ಪುಸ್ತಕ ಮೊಂಡಾಗಿಯೇ ಅಚ್ಚಾಯಿತಂತೆ. ಮೂರನೆಯ ಚಳಿಗಾಲದಲ್ಲಿ ಅಜ್ಜಿ ತೀರಿಕೊಂಡಳು. ಆ ದುಪ್ಪಟಿಯನ್ನು ಅವಳಿಗೇ ಹೊದಿಸಿದರು. ಆಮೇಲೂ ಕೋಲ್ಮನ್ ದಂಡೆಗೆ ಹೋಗುವುದು ಬಿಡಲಿಲ್ಲವಂತೆ. ಸಾಕು ಬಿಡೋ ಅಂದವರಿಗೆ, "ಮಲಗಿಸಿದವನು ನಾನು, ನಾನೇ ಎತ್ತಬೇಕು" ಅನ್ನುತ್ತಿದ್ದನಂತೆ. ಸಾಯುವವರೆಗೂ ಅದನ್ನೇ ಅಂದನಂತೆ.

ಈಗ ಆ ಊರಲ್ಲಿ ಅವನ ಪುಸ್ತಕ ಓದಬಲ್ಲವರು ಬೆರಳೆಣಿಕೆ. ಆ ಮಾತೂ ಎರಡು ಮೂರು ಮನೆಗಳಲ್ಲಿ ಕೆಮ್ಮುತ್ತ ಕೂತಿದೆ. ಆದರೆ ಬಡಗಣ ದಂಡೆಗೆ ಹೋಗುವವರು ಇವತ್ತಿಗೂ ಕೈಲೊಂದು ಕೋಲು ಹಿಡಿಯುತ್ತಾರೆ. ಪಾಚಿಯ ರಾಶಿ ಕಂಡಲ್ಲಿ ಒಮ್ಮೆ ಮಗುಚಿ ನೋಡುತ್ತಾರೆ. ಏನು ಹುಡುಕುತ್ತೀರಿ ಅಂತ ಪರಸ್ಥಳದವರು ಕೇಳಿದರೆ, "ಏನಿಲ್ಲ" ಅನ್ನುತ್ತಾರಂತೆ. ಹಾಗಂದು, ಮುಂದಿನ ರಾಶಿಗೆ ಕೋಲು ಹಾಕುತ್ತಾರಂತೆ.