ಮೂರು ಬಾಯಿಗೆ ಮೂರು ತುತ್ತು

ಭರಮಣ್ಣನಿಗೆ ಹಾರಲು ಬರುತ್ತಿತ್ತು. ಬೆಟ್ಟ ಅಡ್ಡ ಬಂದರೆ ಎತ್ತಿ ಪಕ್ಕಕ್ಕಿಡುತ್ತಿದ್ದ. ಹೊಳೆದಂಡೆಯ ಆಶ್ರಮದಲ್ಲಿ ಅವನು ಕಲಿಯದೇ ಉಳಿದದ್ದು ಒಂದೇ: ಊಟದ ಎಲೆಯ ಮುಂದೆ ಕಾಯುವುದು.

ಒಂದು ಮಧ್ಯಾಹ್ನ ಅವನು ಆಕಾಶದಿಂದ ಅಂಗಳಕ್ಕೆ ದೊಪ್ಪನೆ ಬಿದ್ದ. ಮೈಯೆಲ್ಲ ಹಲ್ಲಿನ ಗಾಯ.

ಗುರುಗಳು ಅವರೆಕಾಯಿ ಸುಲಿಯುತ್ತಿದ್ದರು. ತಲೆ ಎತ್ತಲಿಲ್ಲ.

“ಎಲ್ಲಿಗೆ ಹೋಗಿದ್ದೆಯಪ್ಪಾ?”

“ಯವನರ ಪಾತಾಳಕ್ಕೆ, ಅಜ್ಜಾ! ನೀಲವ್ವ ಅಲ್ಲಿದ್ದಾಳೆ!”

ನೀಲವ್ವ ಅವನ ತಂಗಿ, ಅದೇ ಆಶ್ರಮದಲ್ಲಿ ಬೆಳೆದವಳು. ಯವನರ ಕಡಲಲ್ಲಿ ಹಡಗು ಒಡೆದು, ಜೀವ ಇರುವಾಗಲೇ ಅಲ್ಲಿಯ ಪಾತಾಳಕ್ಕೆ ಜಾರಿದ್ದಳು.

“ಬಾಗಿಲಲ್ಲಿ ಒಂದು ನಾಯಿ. ಮೂರು ತಲೆ! ಒಂದನ್ನು ಹಿಡಿದರೆ ಎರಡು ಕಚ್ಚುತ್ತವೆ. ಎರಡನ್ನು ಹಿಡಿದರೆ ಮೂರನೆಯದು ಬೆನ್ನಿಗೆ ಬಾಯಿ ಹಾಕುತ್ತೆ. ಬೆಟ್ಟ ತಂದು ಮೇಲೆ ಕೆಡವಿದೆ. ಮೈ ಕೊಡವಿ ಎದ್ದಿತು!”

“ಒಳ್ಳೆಯ ನಾಯಿ.”

“ತಮಾಷೆ ಬೇಡ ಅಜ್ಜಾ! ಅಲ್ಲಿಯ ಅನ್ನ ಉಂಡವರು ಅಲ್ಲಿಯವರೇ ಆಗಿಬಿಡುತ್ತಾರಂತೆ. ಎಂಟು ದಿನ ಆಯಿತು. ಒಂದು ಅಗುಳು ತಿಂದಿದ್ದರೂ ತಂಗಿ ನನಗಿಲ್ಲ.”

“ಇಲ್ಲಿದ್ದಾಗ ಹೇಗೆ ಉಣ್ಣುತ್ತಿದ್ದಳು?”

“ಇದೇನು ಈಗ ಕೇಳ್ತೀರಿ? ಮೊದಲ ತುತ್ತು ನಾಯಿಗೆ, ಆಮೇಲೆ ತನಗೆ. ನೀವೇ ಕಲಿಸಿದ್ದಲ್ಲವೇ?”

“ನಿನಗೂ ಕಲಿಸಿದ್ದೆ.”

“ನನಗೆ ಹಸಿವು ಜಾಸ್ತಿ. ನಾಯಿ ಬರುವಷ್ಟರಲ್ಲಿ ಎಲೆ ಖಾಲಿ.”

ಗುರುಗಳು ಸಿಪ್ಪೆ ಕೊಡವಿದರು.

“ಮತ್ತೆ ಹೋಗು. ಈ ಸಲ ಕೈ ಎತ್ತಬೇಡ. ಬಾಗಿಲ ಮುಂದೆ ಕೂತು ತಂಗಿಯ ಹೆಸರು ಕೂಗು.”

“ಅಷ್ಟೇನಾ? ನನ್ನನ್ನು ತಿಂದುಹಾಕುತ್ತೆ!”

“ತಿಂದರೆ ಬಂದು ಹೇಳು.”

ಭರಮಣ್ಣ ಹಾರಿದ. ನಾಯಿ ಮೂರೂ ಬಾಯಿ ತೆರೆದು ನುಗ್ಗಿತು. ಅವನು ಎರಡೂ ಮುಷ್ಟಿಗಳನ್ನು ತೊಡೆಯ ಕೆಳಗೆ ಒತ್ತಿಕೊಂಡು ಕೂತ. ಬಿಸಿ ಉಸಿರು ಮುಖಕ್ಕೆ ಬಡಿಯಿತು.

“ನೀಲವ್ವಾ!”

ಆರು ಕಿವಿ ನೆಟ್ಟಗಾದವು. ಬಾಲ ಅಲ್ಲಾಡಿತು! ನಾಯಿ ತಿರುಗಿ ಕತ್ತಲೆಗೆ ಓಡಿತು. ಬಂದಾಗ ಒಂದು ಬಾಯಲ್ಲಿ ಸೆರಗು, ಸೆರಗಿನ ಹಿಂದೆ ನೀಲವ್ವ!

“ಅಣ್ಣಾ!”

“ನಿಲ್ಲು,” ಎನ್ನುತ್ತ ಹಿಂದಿನಿಂದ ಪಾತಾಳದ ದೊರೆ ಬಂದ. “ದಿನಕ್ಕೆ ಮೂರು ತುತ್ತು ಬಡಿಸಿದ್ದೇನೆ. ಇವಳು ನನ್ನ ಅನ್ನ ಉಂಡವಳು.”

“ಬಡಿಸಿದ್ದು ಮೂರೇ ಅಲ್ಲವೇ ದೊರೆಯೇ?” ಎಂದಳು ನೀಲವ್ವ. “ನಮ್ಮಲ್ಲಿ ಮೊದಲ ತುತ್ತು ನಾಯಿಗೆ. ನಿಮ್ಮ ನಾಯಿಗೆ ಬಾಯಿ ಮೂರು. ನನಗೆಲ್ಲಿ ಉಳಿಯಿತು?”

ದೊರೆ ನಾಯಿಯತ್ತ ನೋಡಿದ. ನಾಯಿ ಆರು ಕಣ್ಣನ್ನೂ ಬೇರೆ ಕಡೆ ತಿರುಗಿಸಿತು.

ದೊರೆ ಜಿಪುಣ. ಆದರೆ ತನ್ನ ನಿಯಮ ಮೀರುವವನಲ್ಲ. ದಾರಿ ಬಿಟ್ಟ.

ತಂಗಿಯನ್ನು ಹೊತ್ತು ಭರಮಣ್ಣ ಅಂಗಳಕ್ಕಿಳಿದಾಗ ಗುರುಗಳು ಎಲೆ ಹಾಕಿ, ಅವರೆಕಾಳಿನ ಸಾರು ಬಡಿಸುತ್ತಿದ್ದರು. ನೀಲವ್ವ ಕೈ ತೊಳೆಯಲು ಹೊಳೆಗೆ ಓಡಿದಳು.

“ಗೆದ್ದೆವು ಅಜ್ಜಾ, ಗೆದ್ದೆವು! ಎಂಟು ದಿನ ಗುದ್ದಿದರೂ ತೆರೆಯದ ಬಾಗಿಲು!” ಎನ್ನುತ್ತ ಭರಮಣ್ಣ ಎಲೆಯ ಮುಂದೆ ಕೂತು ದೊಡ್ಡದೊಂದು ತುತ್ತು ಕಲಸಿ ಬಾಯಿಯ ಹತ್ತಿರ ಒಯ್ದ.

ಗುರುಗಳು ಸೌಟಿನಿಂದ ಹೊಸ್ತಿಲ ಕಡೆ ತೋರಿಸಿದರು. ಆಶ್ರಮದ ಮುದಿ ನಾಯಿ ಅಲ್ಲಿ ಬಂದು ಕೂತಿತ್ತು.

“ಇದಕ್ಕೆ ಒಂದೇ ಬಾಯಿ, ಭರಮಾ.”