ಸುಮ್ಮನಾದ ದವಡೆಹಲ್ಲು

ಹೊಳೆದಂಡೆಯ ಮಠದಲ್ಲಿ ಚನ್ನವೀರಜ್ಜ ಅಂತ ಒಬ್ಬ ಗುರುಗಳಿದ್ದರು. ವಯಸ್ಸು ಎಂಬತ್ತು ದಾಟಿದರೂ ಕಬ್ಬು ಸಿಗಿದು ತಿನ್ನುವ ಹಲ್ಲು.

ಅವರ ಶಿಷ್ಯ ಕೊಟ್ರಯ್ಯನಿಗೆ ಮೂವತ್ತೂ ತುಂಬಿರಲಿಲ್ಲ. ದವಡೆಹಲ್ಲೊಂದು ಆಗಲೇ ಹುಳುಕು ಹಿಡಿದಿತ್ತು.

ಶ್ರಾವಣ ಹತ್ತಿರ ಬಂದಿತ್ತು. ತಿಂಗಳಿಡೀ ಪುರಾಣ ಓದುವ ಗದ್ದಿಗೆ ಈ ಸಲ ಕೊಟ್ರಯ್ಯನದು ಎಂದು ಅಜ್ಜ ಹೇಳಿಯಾಗಿತ್ತು. ಆದರೆ ಬಾಯಿ ಊದಿಸಿಕೊಂಡವನು ಏನು ಓದಿಯಾನು? ಗದ್ದಿಗೆ ಜೊತೆಯ ಶಿಷ್ಯ ಗುರುಪಾದನ ಪಾಲಾಗುತ್ತದೆ. ಅದಕ್ಕೇ ಕೊಟ್ರಯ್ಯ ಬಾಯಿ ಬಿಡಲಿಲ್ಲ. ಒಂದೇ ಕಡೆ ಅಗಿದು ದಿನ ನೂಕಿದ.

ನೋವು ಮುಚ್ಚಿಟ್ಟವನಿಗೆ ಕಂಡವರ ಮೇಲೆಲ್ಲ ಗುಮಾನಿ. ಅಡುಗೆಯವನು ಬೇಕಂತಲೇ ಅಕ್ಕಿಯಲ್ಲಿ ಕಲ್ಲು ಬಿಡುತ್ತಾನೆ ಅಂದುಕೊಂಡ. ಗುರುಪಾದ ಮುರಿದುಕೊಟ್ಟ ಬೇವಿನಕಡ್ಡಿಯನ್ನು ಮೂಸಿ ಎಸೆದ. ಕಡೆಗೆ ಅನುಮಾನ ಅಜ್ಜನ ಬಾಗಿಲಿಗೇ ಬಂತು. ಈ ವಯಸ್ಸಿಗೆ ಈ ಹಲ್ಲು ಅಂದರೆ ಏನೋ ಪುಡಿ ಇದೆ. ಬಚ್ಚಿಟ್ಟಿದ್ದಾರೆ.

ಅಜ್ಜ ಹೊಳೆಗೆ ಹೋದಾಗ ಕೋಣೆ ಹೊಕ್ಕು ತಡಕಿದ. ಗೋಡೆಯ ಗೂಡಿನಲ್ಲಿ ಸಿಕ್ಕಿದ್ದು ಬೇವಿನಕಡ್ಡಿ, ತಂಬಿಗೆ ನೀರು. ನೀರನ್ನೂ ನಾಲಿಗೆಗೆ ಹಚ್ಚಿ ನೋಡಿದ. ಬರೀ ನೀರೇ.

"ಏನು ಹುಡುಕ್ತಿದ್ದೀ?"

ಅಜ್ಜ ಬಾಗಿಲಲ್ಲಿ ನಿಂತಿದ್ದರು. ಸಿಕ್ಕಿಬಿದ್ದ ಕೊಟ್ರಯ್ಯ ಹಲ್ಲಿನ ಕಥೆಯನ್ನೂ ಪುಡಿಯ ಗುಮಾನಿಯನ್ನೂ ಒಪ್ಪಿಸಿದ.

ಅಜ್ಜ ಸಿಟ್ಟಾಗಲಿಲ್ಲ. ಉಂಡ ಮೇಲೆ ಬಾಯಿ ಮುಕ್ಕಳಿಸುವುದು, ಬೆಳಗ್ಗೆ ತಿಕ್ಕಿದ ಹಲ್ಲನ್ನು ಮಲಗುವ ಮುಂಚೆ ಇನ್ನೊಮ್ಮೆ ತಿಕ್ಕುವುದು, ತನಗೆ ಗೊತ್ತಿರುವ ವಿದ್ಯೆ ಇಷ್ಟೇ ಎಂದರು. ಕೊಟ್ರಯ್ಯ ನಂಬಲಿಲ್ಲ. ಇಷ್ಟು ಅಗ್ಗದ ಮಾಲು ಎಂಬತ್ತು ವರ್ಷ ಬಾಳುತ್ತದೆಯೇ?

"ಬಾಯಲ್ಲಿರೋದನ್ನ ಉಗುಳು," ಎಂದರು ಅಜ್ಜ.

ಅಂಗೈಗೆ ಬಿದ್ದದ್ದು ಕಲ್ಲುಸಕ್ಕರೆಯ ಹರಳು. ಪುರಾಣ ಓದುವವನ ದನಿ ಒಡೆಯಬಾರದೆಂದು ಕೊಟ್ರಯ್ಯ ಬೆಳಗಿನಿಂದ ಸಂಜೆಯವರೆಗೂ ಹರಳಿನ ಮೇಲೆ ಹರಳನ್ನು ದವಡೆಯಲ್ಲಿ ಒತ್ತಿಟ್ಟುಕೊಳ್ಳುತ್ತಿದ್ದ.

"ಇದು ಗಂಟಲಿಗೆ, ಅಜ್ಜಾರ."

"ಮಠದಲ್ಲಿ ಎಲ್ಲರನ್ನೂ ಮೂಸಿದಿ. ಇವನೊಬ್ಬನನ್ನ ಮಾತ್ರ ಮನೆಯಳಿಯನ ಹಾಗೆ ಒಳಗೆ ಕೂರಿಸಿಕೊಂಡಿದ್ದೀಯಲ್ಲ."

ಬಾಯಿ ತೆರೆಸಿ ನೋಡಿದರು. ತೂತು ಆಳಕ್ಕೆ ಇಳಿದಿತ್ತು. ಇನ್ನು ಇದು ಕಡ್ಡಿಯಿಂದ ಆಗುವ ಕೆಲಸವಲ್ಲ, ಆಚೆ ದಡದ ಪೇಟೆಯಲ್ಲಿ ಹಲ್ಲಿನ ಡಾಕ್ಟರಿದ್ದಾರೆ, ನಾಳೆಯೇ ಹೋಗು, ಬೇಗ ಹೋದರೆ ಹಲ್ಲು ಉಳಿದರೂ ಉಳಿದೀತು ಎಂದರು.

ಕೊಟ್ರಯ್ಯನ ಗುಮಾನಿ ಮತ್ತೆ ತಲೆ ಎತ್ತಿತು. ಹಲ್ಲು ಕೀಳಿಸಿ, ಬಾಯಿಗೆ ಹತ್ತಿ ತುರುಕಿಸಿ, ಗದ್ದಿಗೆಗೆ ಗುರುಪಾದನನ್ನು ಏರಿಸುವ ಹೂಟ ಇದು. ಬಾಯಲ್ಲಿ ಮಾತ್ರ ಆಗಲಿ ಎಂದ.

ಬೆಳಗ್ಗೆ ಎದ್ದಾಗ ನೋವು ಮಾಯವಾಗಿತ್ತು. ತಣ್ಣೀರು ಮುಕ್ಕಳಿಸಿ ನೋಡಿದ. ಚುರುಕ್ ಕೂಡ ಅನ್ನಲಿಲ್ಲ.

ಹೊಳೆದಂಡೆಯಲ್ಲಿ ಅಂಬಿಗ ಹುಲುಗಪ್ಪ ಹರಿಗೋಲು ಹಿಡಿದು ಕಾಯುತ್ತಿದ್ದ. ಹತ್ತಿ ಕೂತರೆ ಹಲ್ಲು ಇರುವಾಗಲೇ ಆಚೆ ಮುಟ್ಟಿಸುತ್ತೇನೆ ಎಂದು ಚೇಷ್ಟೆ ಮಾಡಿದ. ಕೊಟ್ರಯ್ಯ ಕಾಲಿಡಲಿಲ್ಲ. ಕಳಿಸಿಕೊಡಲು ಬಂದಿದ್ದ ಅಜ್ಜನ ಕಡೆ ಗೆದ್ದವನ ಹಾಗೆ ತಿರುಗಿದ.

"ನೋವು ಹೋಯ್ತು, ಅಜ್ಜಾರ. ತಣ್ಣೀರು ಸೋಕಿದರೂ ಗೊತ್ತಾಗ್ತಿಲ್ಲ. ಇನ್ಯಾಕೆ ಹೊಳೆ ದಾಟೋದು? ಶ್ರಾವಣ ನಾನೇ ಓದ್ತೀನಿ."

ಇಷ್ಟು ದಿನದಲ್ಲಿ ಮೊದಲ ಸಲ ಅಜ್ಜನ ಮುಖದಲ್ಲಿ ಅನುಮಾನ ಕಾಣಿಸಿತು. ಧೋತರ ಎತ್ತಿ ಕಟ್ಟಿ ತಾವೇ ಹರಿಗೋಲಿಗೆ ಇಳಿದರು. ಅಲ್ಲಿಂದ ಕೈ ಚಾಚಿದರು.

"ನಿನ್ನ ದವಡೆಯಲ್ಲಿ ನಿನ್ನೆವರೆಗೂ ಬೊಗಳ್ತಿದ್ದ ನಾಯಿ ಇವತ್ತು ಸುಮ್ಮನಾಗಿದೆ. ಕಳ್ಳ ಹೋದನೋ, ನಾಯಿ ಸತ್ತಿತೋ, ನೋಡ್ಕೊಂಡು ಬರೋಣ ಬಾ."